ನಿಂಬೆವ್ವನ ಪಾಟಿಸವಾಲು

ನಮ್ಮೂರಿನ ಕೋರ್ಟು ಠೇವಣಿ ಇಡು ಎಂದರೆ ಜನ ಎದುರು ಮಾತಾಡದೆ ಇಟ್ಟುಬಿಡುತ್ತಾರೆ. ಕೊರಳಲ್ಲಿದ್ದದ್ದನ್ನು ಬಿಚ್ಚಿಯೋ ಬೀಗರ ಮುಂದೆ ಕೈಯೊಡ್ಡಿಯೋ ಹೇಗೋ ಗಡುವಿನೊಳಗೆ ತುಂಬಿ ಬರುತ್ತಾರೆ. ಇಡದವರ ಪಾಡು ಎಲ್ಲರಿಗೂ ಗೊತ್ತು. ನಮ್ಮ ಓಣಿಯ ಟೇಲರ್ ಮಾನಪ್ಪ ಅಣ್ಣತಮ್ಮಂದಿರ ದಾವೆಯಲ್ಲಿ ಠೇವಣಿ ಇಡಲಿಲ್ಲ. ಕೋರ್ಟು ಅವನ ಕೈಫಿಯತ್ತನ್ನು, ಅಂದರೆ ದಾವೆಗೆ ಅವನು ಕೊಟ್ಟ ಉತ್ತರವನ್ನು, ಕೆಂಪು ಶಾಯಿಯಲ್ಲಿ ಹೊಡೆದು ಹಾಕಿತು. ಅಂದು ಸಂಜೆಯಿಂದ ಅವನು ಹೇಳಿದ ಒಂದು ಮಾತೂ ಊರಿನಲ್ಲಿ ಯಾರ ಕಿವಿಗೂ ಬೀಳಲಿಲ್ಲ. ತುಟಿ ಆಡುತ್ತಿತ್ತು, ಗಂಟಲಿನ ನರ ಉಬ್ಬುತ್ತಿತ್ತು, ಸದ್ದಿಲ್ಲ. ಬರೆದು ತೋರಿಸಿದರೆ ಓದುವವರ ಕಣ್ಣು ಅಕ್ಷರದ ಮೇಲೆ ನಿಲ್ಲದೆ ಜಾರುತ್ತಿತ್ತು. ಜನ ಅವನನ್ನೇನೂ ದೂರ ಮಾಡಲಿಲ್ಲ. ಹಳೆಯ ಅಂಗಿಯೊಂದನ್ನು ಕೊಟ್ಟು ಇದರ ಅಳತೆಗೇ ಹೊಲಿ ಎಂದು ಹೇಳಿ ಬರುತ್ತಿದ್ದರು. ಆದರೆ ಅವನಿಗೇ ನಾಚಿಕೆಯಾಗಿ ಬಾಯಿ ತೆರೆಯುವುದನ್ನೇ ಬಿಟ್ಟ. ಕೊನೆಗೆ ದಾವೆ ಸೋತು, ಮಷಿನ್ನು ಗಾಡಿಗೆ ಹಾಕಿಕೊಂಡು ಊರು ಬಿಟ್ಟ.

ಇದೆಲ್ಲ ಕಣ್ಣಾರೆ ಕಂಡಿದ್ದೂ ನಿಂಬೆವ್ವ ಕೋರ್ಟಿನ ಕಟಕಟೆಯಲ್ಲಿ ನಿಂತು, "ಇಡೂದಿಲ್ರಿ" ಎಂದಳು.

ನಿಂಬೆವ್ವ ನನಗೆ ನೆಗೆಣ್ಣಿ, ನನ್ನ ಗಂಡನ ಅಣ್ಣನ ಹೆಂಡತಿ. ನಾನು ನಿಂಬೆಕ್ಕ ಎನ್ನುತ್ತಿದ್ದೆ. ಭಾವ ತೀರಿಕೊಂಡ ಮೇಲೆ ಅವಳೂ ನಾನೂ ಸೇರಿ ಖಾನಾವಳಿ ನಡೆಸುತ್ತಿದ್ದೆವು. ಒಲೆಯ ಮುಂದೆ ನಾನು, ಪಂಕ್ತಿಯಲ್ಲಿ ಅವಳು. ಅದನ್ನು ಶುರು ಮಾಡಿದವಳು ನಮ್ಮ ಅತ್ತೆ ಸಂಗವ್ವ. ದಾವೆ ಬರುವ ಹೊತ್ತಿಗೆ ಅವಳು ಕಣ್ಣು ಎರಡೂ ಹೋಗಿ, ಹಿಂದಿನ ಖೋಲಿಯಲ್ಲಿ ಹಾಸಿಗೆ ಹಿಡಿದಿದ್ದಳು.

ಮನೆ ನಮ್ಮ ಕೈಗೆ ಬಂದದ್ದು ಹೀಗೆ. ಅದು ಅಡಿವೆಪ್ಪ ಸಾಹುಕಾರರದು, ಖಾಲಿ ಬಿದ್ದಿತ್ತು. ಅತ್ತೆ ಆಗ ಅದರ ಮುಂದೆ ಚಪ್ಪರ ಕಟ್ಟಿ ಖಾನಾವಳಿ ನಡೆಸುತ್ತಿದ್ದಳು. ಸಾಹುಕಾರರಿಗೆ ಹೆಂಡತಿ ಸತ್ತ ಮೇಲೆ ಮಗನ ಮನೆಯಲ್ಲಿ ತಾಟು ಸಿಗುತ್ತಿತ್ತು, ಕರೆದು ಹಾಕುವವರಿರಲಿಲ್ಲ. ಒಂದು ದಿನ ನಮ್ಮಲ್ಲಿ ಊಟಕ್ಕೆ ಕೂತವರು ಕೈ ತೊಳೆಯುತ್ತ ಅತ್ತೆಗೆ ಹೇಳಿದರು: "ಸಂಗವ್ವ, ನಾ ಇರೂತನಕ ಎರಡು ಹೊತ್ತು ನನ್ನನ್ನ ಕರದು ಊಟ ಹಾಕು. ಈ ಮನಿ ನಿನ್ನದು." ಅತ್ತೆ ಹೂಂ ಎಂದಳು. ಕಾಗದ ಪತ್ರ ಏನೂ ಆಗಲಿಲ್ಲ. ಸಾಹುಕಾರರು ಗಟ್ಟಿ ಮನುಷ್ಯ, ಬಹಳ ವರ್ಷ ಬದುಕಿದರು. ಹಲ್ಲು ಹೋದ ಮೇಲೆ ಅತ್ತೆ ಅವರಿಗೆ ರೊಟ್ಟಿಯನ್ನು ಹಾಲಿನಲ್ಲಿ ನೆನೆಸಿ ಕೊಡುತ್ತಿದ್ದಳು. ಅವರು ಹೋದ ಮೇಲೂ ವರ್ಷಗಟ್ಟಲೆ ಅವರ ಮಗ ಮಹಾರುದ್ರಪ್ಪ ನಮ್ಮ ಹೊಸ್ತಿಲ ಕಡೆ ತಲೆ ಹಾಕಲಿಲ್ಲ. ಆಮೇಲೆ ನಮ್ಮ ಎದುರಿಗೇ ಹೊಸ ಬಸ್ ಸ್ಟ್ಯಾಂಡ್ ಬಂತು. ಅದರ ಬೆನ್ನಿಗೇ ದಾವೆಯೂ ಬಂತು. ಸಂಗವ್ವನ ಸೊಸೆ ನಿಂಬೆವ್ವ ಬಾಡಿಗೆದಾರಳು, ಬಾಡಿಗೆ ಕೊಟ್ಟಿಲ್ಲ, ಮನೆ ಬಿಡಿಸಿಕೊಡಬೇಕು ಎಂದು. ಖಾನಾವಳಿಯ ಲೈಸೆನ್ಸು ಅವಳ ಹೆಸರಿನಲ್ಲಿತ್ತು, ಅದಕ್ಕೆ ದಾವೆಯೂ ಅವಳ ಮೇಲೆ.

ದಾವೆ ಮುಗಿಯುವ ತನಕ ಪ್ರತಿವಾದಿ ತಿಂಗಳು ತಿಂಗಳು ಬಾಡಿಗೆಯನ್ನು ಕೋರ್ಟಿನಲ್ಲಿ ಠೇವಣಿ ಇಡಬೇಕೆಂದು ಜಡ್ಜ್ ಸಾಹೇಬರು ಹೇಳಿದರು. ನಮ್ಮ ಕೈಯಲ್ಲಿ ಆಗದ ಮೊತ್ತವೇನಲ್ಲ. ನಮ್ಮ ವಕೀಲರು ನದಾಫ್ ಸಾಹೇಬರು, ನಿಧಾನದ ಮನುಷ್ಯ, ಅಂಗಳದ ಬೇವಿನ ಮರದ ಕೆಳಗೆ ಅವಳನ್ನು ಕೂರಿಸಿಕೊಂಡು ತಿಳಿಸಿ ಹೇಳಿದರು.

"ನಿಂಬೆವ್ವ, ಹಕ್ಕು ಬಿಟ್ಟುಕೊಡದ ಇಡಾಕತ್ತೀನಿ ಅಂತ ಬರದು ಇಡಬಹುದು. ದಾವೆ ಗೆದ್ರ ವಾಪಸ್ ಬರತೈತಿ. ನಿಮಗೇನು ನುಕ್ಸಾನ?"

"ಯಾವ ಹೆಸರಿನ್ಯಾಗ ಇಡಬೇಕ್ರಿ ಅದನ್ನ?"

"ಬಾಡಿಗಿ ಅಂತ."

"ಬಾಡಿಗಿ ಅಂತ ನಾ ಒಂದು ರೂಪಾಯಿ ಇಟ್ರೂ ಬಾಡಿಗ್ಯಾಕಿ ಆದೆ. ನಮ್ಮತ್ತಿ ಇನ್ನೂ ಉಸಿರಾಡಾಕತ್ತಾಳ. ಆಕಿ ಇರೂವಾಗ ನಾ ಆಕಿ ಮನ್ಯಾಗ ಬಾಡಿಗ್ಯಾಕಿ ಆಗೂದಿಲ್ಲ."

"ಬಾಯಿ ಹೋಗತೈತಿ."

"ಹೋಗ್ಲಿ."

ಗಡುವು ಮುಗಿದ ದಿನ ಗುಮಾಸ್ತ ಕೆಂಪು ಶಾಯಿ ಎತ್ತಿಕೊಂಡ. ಕೋರ್ಟಿನಿಂದ ಮನೆಗೆ ನಡೆದು ಬರುವಾಗ ನಿಂಬೆಕ್ಕ ದಾರಿಯುದ್ದಕ್ಕೂ ಏನೋ ಹೇಳುತ್ತಿದ್ದಳು. ಅವಳ ತುಟಿ ನೋಡುತ್ತ ನಾನು ಹೂಂ ಹೂಂ ಎನ್ನುತ್ತಿದ್ದೆ. ಹುಣಸೆ ತರಬೇಕೆಂದಳೋ, ಮಹಾರುದ್ರಪ್ಪನ ವಂಶವನ್ನೇ ಬೈದಳೋ ನನಗೆ ತಿಳಿಯಲಿಲ್ಲ. ಮನೆಗೆ ಬಂದು ಒಲೆ ಹೊತ್ತಿಸಿದೆ. ಹೊಗೆ ಇರಲಿಲ್ಲ, ಆದರೂ ಕಣ್ಣಲ್ಲಿ ನೀರು ಬಂತು. ಖಾನಾವಳಿ ನಡೆಯುವುದೇ ಕರೆದು ಬಡಿಸುವ ಬಾಯಿಯಿಂದ. ಇನ್ನು ಇದನ್ನು ಮುಚ್ಚುವುದೇ ಸೈ ಎಂದುಕೊಂಡೆ.

ಪಂಕ್ತಿ ಕೂತಿತು. ಲಾರಿ ಡ್ರೈವರುಗಳು, ಬೀಜದಂಗಡಿಯ ಇಬ್ಬರು, ತಾಲೂಕು ಕಚೇರಿಯ ಬ್ರಹ್ಮಚಾರಿಗಳು. ಸುದ್ದಿ ಎಲ್ಲರಿಗೂ ಮುಟ್ಟಿತ್ತು. ತಲೆ ತಗ್ಗಿಸಿ ಉಣ್ಣುತ್ತಿದ್ದರು. ನಿಂಬೆಕ್ಕ ಬುಟ್ಟಿ ಹಿಡಿದು ಹೋದವಳು, ಮೊದಲನೆಯ ತಾಟಿನ ಮುಂದೆ ಬಗ್ಗಿ, ರೂಢಿಯಂತೆ ಕೇಳಿದಳು:

"ಇನ್ನೊಂದು ರೊಟ್ಟಿ ಹಾಕ್ಲೇನು?"

"ಹಾಕ್ರಿ" ಎಂದ ಡ್ರೈವರು.

ಪಂಕ್ತಿಯೆಲ್ಲ ಕೈ ನಿಲ್ಲಿಸಿತು. ನಾನು ಲಟ್ಟಣಿಗೆ ಹಿಡಿದೇ ಬಾಗಿಲಿಗೆ ಬಂದೆ. ನಿಂಬೆಕ್ಕ ಡ್ರೈವರನ್ನು ನೋಡಿದಳು, ನನ್ನನ್ನು ನೋಡಿದಳು. ಬಾಯಿ ತೆರೆದು ಏನೋ ಹೇಳಿದಳು. ಸದ್ದಿಲ್ಲ. ಮತ್ತೆ ತೆರೆದಳು.

"ಕೇಳಿಸ್ತೇನ್ರೀ?"

"ಕೇಳಿಸ್ತು" ಎಂದರು ಎಲ್ಲರೂ.

ಅವಳು ಪಕ್ಕದ ತಾಟಿಗೆ ಹೋದಳು. "ನಿಮಗ? ಪಲ್ಯ ಸಾಕಾತೇನು? ಮಜ್ಜಿಗಿ ಬ್ಯಾಡೇನು?" ಅವಳ ದನಿ ಏರುತ್ತ ಹೋಯಿತು. ಅಷ್ಟು ದಿನ ಪಂಕ್ತಿಯಲ್ಲಿ ಅವಳು ಆಡುತ್ತಿದ್ದದ್ದೆಲ್ಲ ಪ್ರಶ್ನೆಯೇ ಎಂದು ನಮಗೆ ಆವತ್ತು ಗೊತ್ತಾಯಿತು.

ಮರುದಿನ ನದಾಫ್ ಸಾಹೇಬರಿಗೆ ಹೇಳಿದಾಗ ಅವರು ಚಾದ ಬಸಿಯನ್ನು ಕೆಳಗಿಟ್ಟು ಗಡ್ಡ ನೀವಿಕೊಂಡರು. "ಹೊಡದು ಹಾಕಿದ್ದು ಉತ್ತರ. ಕಾಯದೆ ಸವಾಲಿಗೆ, ಅಂದ್ರ ಪ್ರಶ್ನಿಗೆ, ಕೈ ಹಚ್ಚಂಗಿಲ್ಲ. ನೀವು ಸಾಕ್ಷಿ ಕೊಡಂಗಿಲ್ಲ, ನಿಮ್ಮ ಅತ್ತೀನ್ನ ಕರಸಂಗಿಲ್ಲ. ನಿಮ್ಮ ಪರವಾಗಿ ನಾ ಏನು ಹೇಳಿದ್ರೂ ಅದೂ ಕೇಳ್ಸಂಗಿಲ್ಲ. ಆದ್ರ ವಾದಿ ಕಟಕಟಿ ಹತ್ತಿದಾಗ ಪಾಟಿಸವಾಲು ಹಾಕಬಹುದು. ಅವ ತನ್ನ ದಾವೆ ತಾನೇ ಸಾಬೀತು ಮಾಡಬೇಕಲ್ಲ."

"ಮತ್ತ ಇಷ್ಟು ದಿನ ಯಾರೂ ಯಾಕ ಹಾಕ್ಲಿಲ್ರಿ?" ಎಂದಳು ನಿಂಬೆಕ್ಕ.

"ಬಾಯಿ ಹೋತು ಅಂದ ಮ್ಯಾಲೆ ಯಾರು ಅಲ್ಲೀತನಕ ಬಂದಾರವ್ವ?"

ಹಾಗೆ ನಮ್ಮ ಮನೆಯಲ್ಲಿ ಪ್ರಶ್ನೆಯ ಸಂಸಾರ ಶುರುವಾಯಿತು. ಬೈಗುಳಕ್ಕೆ ಏನೂ ಕೊರತೆ ಆಗಲಿಲ್ಲ. "ಕಣ್ಣು ಎಲ್ಲಿಟ್ಟೀಯ?", "ಇದು ಸಾರೋ ಬಾನಿ ನೀರೋ?", "ಇಷ್ಟು ಹೊತ್ತು ಯಾರ ಮನಿ ಕಾಯಾಕತ್ತಿದ್ದಿ?" ಎಲ್ಲ ಗಂಟೆ ಬಾರಿಸಿದ ಹಾಗೆ ಕೇಳಿಸುತ್ತಿದ್ದವು. ಸಂತೆಯಲ್ಲಿ ಎರಡು ಸೇರು ಬದನೆ ಕೊಡು ಎಂದರೆ ಬದನೆಯವಳು ಸುಮ್ಮನೆ ಕೂರುತ್ತಿದ್ದಳು, ಕೊಡ್ತೀಯೇನು ಎಂದರೆ ತೂಗುತ್ತಿದ್ದಳು. ಕೇಳಿಸದಿದ್ದವು ಬೇರೆಯ ಮಾತುಗಳು. ಹೂಂ ಎನ್ನುವುದು ಕೇಳಿಸುತ್ತಿರಲಿಲ್ಲ. ಚಲೋ ಆತು ಎನ್ನುವುದು ಕೇಳಿಸುತ್ತಿರಲಿಲ್ಲ. ನನ್ನ ಮಗಳು ಮೈನೆರೆದಾಗ ಅವಳ ತಲೆ ಮೇಲೆ ಕೈಯಿಟ್ಟು ಹರಸಿದಳು, ತುಟಿ ಮಾತ್ರ ಆಡಿತು. ಹುಡುಗಿ, "ದೊಡ್ಡವ್ವ ಏನಂದ್ಲು?" ಎಂದು ನನ್ನನ್ನು ಕೇಳಿದಳು. ನನಗೂ ಗೊತ್ತಿರಲಿಲ್ಲ. ನಿಂಬೆಕ್ಕ ಹಿತ್ತಲಿಗೆ ಹೋಗಿ ಪಾತ್ರೆ ತಿಕ್ಕತೊಡಗಿದಳು. ಅಂದು ಅವಳು ತಿಕ್ಕಿದ ಹಂಡೆಯನ್ನೇ ಮತ್ತೆ ತಿಕ್ಕುತ್ತಿದ್ದಳು.

ನನ್ನ ಗಂಡ ಒಂದು ದಿನ, "ವೈನಿ, ಸಾಕು ಮಾಡ್ರಿ. ನಾ ಹೋಗಿ ತುಂಬಿ ಬರ್ತೀನಿ, ಬಾಯಿ ವಾಪಸ್ ಬರತೈತಿ" ಎಂದ. ಅವಳು ಒರೆಸುತ್ತಿದ್ದ ತಾಟನ್ನು ಕೆಳಗಿಟ್ಟು ಕೇಳಿದಳು: "ನೀ ತುಂಬಿದ ಮ್ಯಾಲೆ ನಾ ಯಾವ ಮುಖ ಹೊತ್ತು ಆ ಖೋಲಿಗೆ ಹೋಗ್ಲಿ?" ಅವಳು ಕೈ ತೋರಿಸಿದ್ದು ಅತ್ತೆಯ ಖೋಲಿಯ ಕಡೆ. ಅವನು ಮತ್ತೆ ಆ ಮಾತು ಎತ್ತಲಿಲ್ಲ.

ಆಮೇಲೆ ಮಹಾರುದ್ರಪ್ಪನೇ ಬಂದ. ಮಧ್ಯಾಹ್ನದ ಪಂಕ್ತಿ ಎದ್ದ ಮೇಲೆ, ಇಸ್ತ್ರಿ ಮಾಡಿದ ಧೋತರ ಎತ್ತಿ ಹಿಡಿದು, ಗೋಡೆ ಬದಿಯ ಹಲಗೆಯ ಮೇಲೆ ಕೂತ. ನಿಂಬೆಕ್ಕ ತಾಟು ಹಾಕಿದಳು. ಅವನು ಒಂದು ತುತ್ತು ಮುರಿದು ಹೇಳಿದ:

"ನಿಂಬೆವ್ವ, ನಾ ಏನು ರಾಕ್ಷಸ ಅಲ್ಲ. ನಿಮ್ಮ ಬಾಯಿ ಹೋಗಿದ್ದು ನನಗೂ ಸರಿ ಅನಸಂಗಿಲ್ಲ. ನಿಮ್ಮ ಪರವಾಗಿ ಆ ಠೇವಣಿ ನಾನೇ ತುಂಬ್ತೀನಿ. ನೀವು ಒಂದು ಸಹಿ ಮಾಡಿದ್ರ ಸಾಕು."

ನನಗೆ ಅರ್ಥವಾಯಿತು. ಪಾಟಿಸವಾಲಿನ ಸುದ್ದಿ ಅವನ ವಕೀಲರಿಗೂ ಮುಟ್ಟಿತ್ತು. ಸಹಿ ಬಿದ್ದರೆ ಬಾಡಿಗೆ ಒಪ್ಪಿದ ಹಾಗೆ, ಆಮೇಲೆ ಅವನು ಕಟಕಟೆಯಲ್ಲಿ ನಿಲ್ಲುವ ಕಷ್ಟವೂ ಇಲ್ಲ.

ನಿಂಬೆಕ್ಕ ಅವನ ತಾಟನ್ನೇ ನೋಡುತ್ತಿದ್ದಳು.

"ಉಪ್ಪು ಸರಿ ಐತೇನ್ರೀ?"

"ಐತಿ. ನಾ ಹೇಳಿದ್ದಕ್ಕ ಏನಂತೀರಿ?"

"ಖಾರ ಜಾಸ್ತಿ ಆಗಿಲ್ಲಲ್ಲ?"

"ಇಲ್ಲ. ನಿಂಬೆವ್ವ, ನಾ ಕೇಳಿದ್ದು..."

"ಮತ್ತ್ಯಾಕ ಬೆವರಾಕತ್ತೀರಿ?"

ಅವನು ಅರ್ಧಕ್ಕೇ ಎದ್ದ. ಕೈ ತೊಳೆದು ಹೋಗುವಾಗ ತಾಟಿನ ಕೆಳಗೆ ನೋಟು ಇಟ್ಟಿದ್ದ. ನಿಂಬೆಕ್ಕ ಅದನ್ನು ರೊಕ್ಕದ ಗಲ್ಲೆಗೆ ಹಾಕಿದಳು.

ಬೇಸಿಗೆ ಕಾಲಿಟ್ಟಾಗ ಅತ್ತೆಗೆ ನೆಲೆ ತಪ್ಪತೊಡಗಿತು. ಕಣ್ಣಿಲ್ಲದವಳಿಗೆ ಮನೆ ಎಂದರೆ ದನಿಗಳೇ. ಹಿರಿ ಸೊಸೆಯ ದನಿ ಒಮ್ಮೆ ಬರುತ್ತದೆ, ಒಮ್ಮೆ ಇಲ್ಲ. "ನಿಂಬಿ ಎಲ್ಲಿ ಹೋಗ್ಯಾಳ? ನನ್ನ ಮ್ಯಾಲೆ ಸಿಟ್ಟಾಗ್ಯಾಳೇನು?" ಎಂದು ನನ್ನನ್ನು ಕೇಳುತ್ತಿದ್ದಳು. ಕೋರ್ಟಿನ ಸಂಗತಿ ಹೇಳಿದರೆ ಆ ಹೊತ್ತಿಗೆ ತಿಳಿದು, ಮತ್ತೆ ಮರೆಯುತ್ತಿದ್ದಳು.

ಒಂದು ಮಧ್ಯಾಹ್ನ ಉಸಿರು ಏರಿಳಿಯತೊಡಗಿತು. ನಿಂಬೆಕ್ಕ ಪಂಕ್ತಿಯನ್ನು ನನ್ನ ಗಂಡನಿಗೆ ಒಪ್ಪಿಸಿ ಒಳಗೆ ಬಂದಳು. ಅತ್ತೆಯ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡಳು. ನಾನು ಕಾಲ ಬಳಿ ಕೂತೆ.

"ನಿಂಬಿ, ಇದ್ದೀಯೇನು?"

ನಿಂಬೆಕ್ಕ ಇದ್ದೀನಿ ಎಂದಳು. ತುಟಿ ನನಗೆ ಕಂಡಿತು, ಅತ್ತೆಗೆ ಏನೂ ಕಾಣಲಿಲ್ಲ. ಮುದುಕಿಯ ಕೈ ಹಾಸಿಗೆಯ ಮೇಲೆ ತಡಕಾಡಿತು. ನನಗೆ ತಡೆಯಲಾಗಲಿಲ್ಲ. "ಹೋಗಿ ತುಂಬಿ ಬಾ ಅಕ್ಕ, ಈಗಿಂದೀಗ ಹೋಗು. ಆಕಿ ಹೋಗೂದರೊಳಗ ಒಂದು ಮಾತು ಆಡು" ಎಂದೆ. ನಿಂಬೆಕ್ಕ ನನ್ನ ಕಡೆ ನೋಡಿದ ನೋಟ ನನಗೆ ಇವತ್ತಿಗೂ ನೆನಪಿದೆ. ಹೋಗಬೇಕೆಂಬ ಆಸೆ ಅದರಲ್ಲಿ ಇರಲಿಲ್ಲ ಎಂದರೆ ಸುಳ್ಳಾದೀತು. ಆಮೇಲೆ ಅವಳು ಅತ್ತೆಯ ಕಿವಿಗೆ ಬಾಯಿ ಹಚ್ಚಿದಳು.

"ನಿನ್ನ ಬಿಟ್ಟು ನಾ ಎಲ್ಲಿಗೆ ಹೋಗ್ಲೇ ಅತ್ತಿ?"

ಮುದುಕಿಯ ಕೈ ತಡಕಾಡುವುದು ನಿಂತಿತು. ಸ್ವಲ್ಪ ಹೊತ್ತಿಗೆ ಮತ್ತೆ ಬಾಯಿ ತೆರೆದಳು.

"ಮನಿ ನಮ್ಮದು ಹೌದಲ್ಲ?"

"ಮತ್ತ್ಯಾರದು?"

ಅತ್ತೆ ನಕ್ಕಳೆಂದೇ ನನಗನ್ನಿಸಿತು. ಹೊರಗೆ ಪಂಕ್ತಿ ಏಳುವ ಮೊದಲೇ ಉಸಿರು ನಿಂತಿತು.

ನಿಂಬೆಕ್ಕ ಅತ್ತಳು. ನಮ್ಮ ಕಡೆ ಹೆಂಗಸರು ಹೆಣದ ಮುಂದೆ ಕೂತು ಅಳುವ ಅಳುವೆಲ್ಲ ಪ್ರಶ್ನೆ ಕೇಳುವುದೇ ಅಲ್ಲವೇ? "ಯಾರಿಗೆ ಒಪ್ಪಿಸಿ ಹೋದ್ಯೇ? ಇನ್ನ ಯಾರ ಕೈಗೆ ರೊಟ್ಟಿ ಕೊಡಲೇ? ನನ್ನನ್ಯಾರು ನಿಂಬಿ ಅಂತಾರೇ?" ಒಂದು ಮಾತೂ ನುಂಗಿ ಹೋಗಲಿಲ್ಲ. ಬಸ್ ಸ್ಟ್ಯಾಂಡಿನ ಆ ತುದಿಯ ತನಕ ಕೇಳಿಸಿತಂತೆ. ಬಸ್ಸು ಹತ್ತುವವರು ಮೆಟ್ಟಿಲ ಮೇಲೆ ಒಂದು ಕಾಲಿಟ್ಟು ನಿಂತುಬಿಟ್ಟಿದ್ದರಂತೆ.

ಪಾಟಿಸವಾಲಿನ ದಿನ ಖಾನಾವಳಿಯ ಬಾಗಿಲು ಎಳೆದು ಎಲ್ಲರೂ ಕೋರ್ಟಿಗೆ ಹೋದೆವು. ನಮ್ಮ ಪಂಕ್ತಿಯವರೂ ಬಂದಿದ್ದರು, ನಿಲ್ಲಲು ಜಾಗ ಇರಲಿಲ್ಲ. ಮಹಾರುದ್ರಪ್ಪ ಕಟಕಟೆಯಲ್ಲಿ ನಿಂತು ತನ್ನ ವಕೀಲರು ಕೇಳಿದ್ದಕ್ಕೆಲ್ಲ ಬಾಯಿಪಾಠ ಒಪ್ಪಿಸಿದ. ನದಾಫ್ ಸಾಹೇಬರು ಎದ್ದು, "ನನ್ನ ಕಕ್ಷಿದಾರರು ತಾವೇ ಸವಾಲು ಹಾಕಬಹುದೇನು ಸ್ವಾಮಿ?" ಎಂದರು. ಜಡ್ಜ್ ಸಾಹೇಬರು ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡರು. "ಹಾಕಲಿ."

ನಿಂಬೆಕ್ಕ ಸೆರಗು ಸಿಕ್ಕಿಸಿಕೊಂಡು ಮುಂದೆ ಬಂದಳು.

"ನಿಮ್ಮ ಅಪ್ಪಾರು ಊಟ ಎಲ್ಲಿ ಮಾಡ್ತಿದ್ರು?"

"ಖಾನಾವಳ್ಯಾಗ."

"ನಿಮ್ಮ ಮನ್ಯಾಗ ಒಲಿ ಇರ್ಲಿಲ್ಲೇನು?"

ಅವನ ವಕೀಲರು ಜಿಗಿದು ಎದ್ದರು. "ಸ್ವಾಮಿ, ಇದು ಪ್ರಶ್ನೆಯೇ ಅಲ್ಲ. ಹೊಡೆದು ಹಾಕಿದ ಕೈಫಿಯತ್ತನ್ನೇ ಪ್ರಶ್ನೆಯ ವೇಷದಲ್ಲಿ ಒಳಗೆ ತರುತ್ತಿದ್ದಾರೆ."

"ನಿಮಗೆ ಕೇಳಿಸಿತಲ್ಲ?" ಎಂದರು ಜಡ್ಜ್ ಸಾಹೇಬರು. "ಕೇಳಿಸಿದ ಮೇಲೆ ಅದು ಪ್ರಶ್ನೆಯೇ. ಸಾಕ್ಷಿ ಉತ್ತರ ಹೇಳಲಿ."

"ಇತ್ತು" ಎಂದ ಮಹಾರುದ್ರಪ್ಪ.

"ಊಟದ ರೊಕ್ಕ ಕೊಡ್ತಿದ್ರೇನು?"

"ಇಲ್ಲ. ಅದನ್ನ ಬಾಡಿಗ್ಯಾಗ ಮುರಕೊಂತಿದ್ವಿ."

"ಯಾವ ಬಾಡಿಗಿ? ಎಷ್ಟಂತ ಮಾತಾಗಿತ್ತು? ಯಾರ ಎದುರಿಗೆ?"

"ಅದು ಅಪ್ಪಾರಿಗೆ ಗೊತ್ತು."

ನಿಂಬೆಕ್ಕನ ಮುಖ ಕೆಂಪಾಯಿತು. ಸಿಟ್ಟಿನಲ್ಲಿ ಕೈ ಎತ್ತಿ ಏನೇನೋ ಹೇಳತೊಡಗಿದಳು. ತುಟಿ ಆಡಿತು, ಕೋರ್ಟು ತುಂಬ ನಿಶ್ಶಬ್ದ. ಅವನ ವಕೀಲರು ಬಾಯಿಗೆ ಕೈ ಅಡ್ಡ ಹಿಡಿದು ನಕ್ಕರು. ಅವಳು ಮಾತು ನಿಲ್ಲಿಸಿ, ಸೆರಗಿನಿಂದ ಮುಖ ಒರೆಸಿಕೊಂಡಳು.

"ಅಪ್ಪಾರು ಹೋದ ಮ್ಯಾಲೆ ಒಂದು ದಿನಾನಾದ್ರೂ ಬಾಡಿಗಿ ಕೇಳಾಕ ಬಂದೀರೇನು?"

"ಇಲ್ಲ."

"ಯಾಕ?"

ಮಹಾರುದ್ರಪ್ಪ ನೀರು ಕೇಳಿದ. ಜವಾನ ತಂದುಕೊಟ್ಟ. ಕುಡಿದು ಲೋಟ ವಾಪಸ್ ಕೊಟ್ಟ.

"ಬಸ್ ಸ್ಟ್ಯಾಂಡ್ ಆಗೂತನಕ ಆ ಮನಿ ನೆನಪಾಗ್ಲಿಲ್ಲೇನು?"

ಅವನು ತನ್ನ ವಕೀಲರ ಕಡೆ ನೋಡಿದ. ಜಡ್ಜ್ ಸಾಹೇಬರು ಬರೆದುಕೊಂಡರು. ನಿಂಬೆಕ್ಕ ಕಟಕಟೆಯ ಹತ್ತಿರಕ್ಕೆ ಹೋದಳು. ಅವಳ ದನಿ ಈಗ ತಗ್ಗಿತ್ತು, ಪಂಕ್ತಿಯಲ್ಲಿ ಬಗ್ಗಿ ಕೇಳುವ ದನಿ.

"ಕಡೀ ದಿನ ಅಪ್ಪಾರ ಬಾಯಾಗ ನೀರು ಬಿಟ್ಟವರು ಯಾರು?"

"ನಿಮ್ಮತ್ತಿ."

"ನೀವೆಲ್ಲಿದ್ರಿ?"

ಅವನು ಕಟಕಟೆಯ ಕಂಬಿಯನ್ನು ಎರಡೂ ಕೈಯಲ್ಲಿ ಹಿಡಿದಿದ್ದ. ಅವನ ವಕೀಲರು ಎದ್ದರು, ಜಡ್ಜ್ ಸಾಹೇಬರು ಕೈ ಸನ್ನೆಯಿಂದ ಅವರನ್ನು ಕೂರಿಸಿದರು.

"ಇದೇ ಊರಾಗ ಇದ್ದೆ" ಎಂದ ಮಹಾರುದ್ರಪ್ಪ.

ತೀರ್ಪು ಮುಂದಿನ ವಾಯಿದೆಗೆ ಬಂತು. ಕೋರ್ಟಿನ ಆಜ್ಞೆ ಮೀರಿದ್ದು ತಪ್ಪೇ, ಅದಕ್ಕೆ ತೆರಬೇಕಾದದ್ದನ್ನು ಪ್ರತಿವಾದಿ ತೆತ್ತಿದ್ದಾರೆ ಎಂದು ಜಡ್ಜ್ ಸಾಹೇಬರು ಓದಿದರು. ಆದರೆ ಬಾಡಿಗೆಯ ಕರಾರು ಇತ್ತೆಂಬುದನ್ನು ವಾದಿಗೆ ತನ್ನ ಬಾಯಿಂದಲೂ ಸಾಬೀತು ಮಾಡಲಾಗಿಲ್ಲ, ಆದ್ದರಿಂದ ದಾವೆ ವಜಾ. ಓದಿ ಮುಗಿಸಿ ಅವರು ತಲೆ ಎತ್ತಿದರು.

"ನಿಂಬೆವ್ವ, ದಾವೆ ಮುಗಿಯಿತು. ನಿಮ್ಮ ಬಾಯಿ ನಿಮಗೆ ಬಂತು. ಏನಾದರೂ ಹೇಳುವುದಿದ್ದರೆ ಹೇಳಿ."

ಎಲ್ಲರೂ ಕಾದರು. ಅಷ್ಟು ದಿನ ಒಳಗೇ ಉಳಿದದ್ದು ಕಟ್ಟೆಯೊಡೆದು ಬರುತ್ತದೆಂದು ನಾನೂ ಕಾದೆ. ನಿಂಬೆಕ್ಕ ಕೈ ಮುಗಿದಳು.

"ಇಲ್ಲಿ ಹೇಳೂದು ಏನಿಲ್ರಿ."

ಎಲ್ಲರಿಗೂ ಕೇಳಿಸಿತು. ಅವಳು ಹಾಗೇ ತಿರುಗಿ ಹೊರಗೆ ನಡೆದಳು, ನಾವು ಹಿಂದೆ.

ಗೇಟಿನ ಬಳಿ ಮಹಾರುದ್ರಪ್ಪ ಒಬ್ಬನೇ ನಿಂತಿದ್ದ. ವಕೀಲರು ಹೊರಟುಹೋಗಿದ್ದರು. ಬಿಸಿಲು ನೆತ್ತಿಗೆ ಬಂದಿತ್ತು. ನಮ್ಮನ್ನು ಕಂಡು ಅವನು ಪಕ್ಕಕ್ಕೆ ಸರಿದ. ನಿಂಬೆಕ್ಕ ಅವನನ್ನು ದಾಟಿ ಹೋದವಳು ನಿಂತಳು, ತಿರುಗಿ ಬಂದಳು.

"ಹಸದಿದ್ರ ಬರ್ರಿ" ಎಂದಳು. "ನಿಮ್ಮಪ್ಪ ಮನಿ ಕೊಟ್ಟು ಉಂಡ. ನೀವು ರೊಕ್ಕ ಕೊಟ್ಟು ಉಣ್ರಿ."